ಮಾತಾಡದ ಆ ಸಮುರಾಯ್ ಯಾರು?

ಪ್ರಶ್ನೆ: 'ದಿ ಲಾಸ್ಟ್ ಸಮುರಾಯ್' ಸಿನಿಮಾವನ್ನು ಮೊನ್ನೆ ಮತ್ತೆ ನೋಡಿದೆ. ಹಳ್ಳಿಯಲ್ಲಿ ಟಾಮ್ ಕ್ರೂಸ್ ಎಲ್ಲಿಗೆ ಹೋದರೂ ವಯಸ್ಸಾದ ಒಬ್ಬ ಸಮುರಾಯ್ ಬಾಯಿ ಬಿಡದೆ ಹಿಂದೆ ಹಿಂದೆ ನಡೆಯುತ್ತಾರಲ್ಲ, ಆ ನಟ ಯಾರು? ಜಪಾನಿನಲ್ಲಿ ಅವರು ದೊಡ್ಡ ಹೆಸರಾ? ಇಂಥ ಸಣ್ಣ ಪಾತ್ರಗಳನ್ನೇ ಮಾಡಿಕೊಂಡು ಒಬ್ಬರು ಬದುಕು ಸಾಗಿಸಲು ಆಗುತ್ತದಾ?

ಉತ್ತರ: ಆ ನಟರ ಹೆಸರು ಸೇಜೊ ಫುಕುಮೊಟೊ. ನಿಮ್ಮ ಪ್ರಶ್ನೆ ಓದಿ ನಿಜಕ್ಕೂ ಖುಷಿಯಾಯಿತು. ಆ ಸಿನಿಮಾ ನೋಡಿದವರು ಸಾಮಾನ್ಯವಾಗಿ ಕೆನ್ ವತಾನಾಬೆ ಬಗ್ಗೆ ಕೇಳುತ್ತಾರೆ, ಹಿರೊಯುಕಿ ಸನಾದಾ ಬಗ್ಗೆ ಕೇಳುತ್ತಾರೆ. ಹಿಂದೆ ನಡೆಯುವ ಮುದುಕರ ಮೇಲೆ ಕಣ್ಣು ಹೋದವರು ಕಡಿಮೆ.

ಪೋಸ್ಟರಿನ ಲೆಕ್ಕದಲ್ಲಿ ಅವರು ದೊಡ್ಡ ನಟರಲ್ಲ. ಬಹಳ ವರ್ಷ ಅವರ ಹೆಸರು ಸಿನಿಮಾದ ಟೈಟಲ್‌ನಲ್ಲೂ ಬರುತ್ತಿರಲಿಲ್ಲ. ಆದರೆ ಜಪಾನಿನಲ್ಲಿ ಹಳೆ ಕಾಲದ ಕಥೆಗಳ ಸಿನಿಮಾ, ಧಾರಾವಾಹಿ ನೋಡಿ ಬೆಳೆದವರಿಗೆ ಆ ಮುಖ ಗೊತ್ತು. ಗುಳಿಬಿದ್ದ ಕೆನ್ನೆ, ಚೂಪು ನೋಟ, ಉದ್ದ ಮುಖ. ಪ್ರತಿ ವಾರ ಬರುತ್ತಿದ್ದರು, ಪ್ರತಿ ವಾರ ಸಾಯುತ್ತಿದ್ದರು. 'ಐವತ್ತು ಸಾವಿರ ಸಲ ಕಡಿಸಿಕೊಂಡ ಮನುಷ್ಯ' ಎಂದೇ ಅವರನ್ನು ಕರೆಯುತ್ತಿದ್ದರು. ಇದು ಯಾರೋ ಕೂತು ಬರೆದಿಟ್ಟ ಲೆಕ್ಕವಲ್ಲ, ಪ್ರೀತಿಯಿಂದ ಕೊಟ್ಟ ಬಿರುದು. ಹಾಗಂತ ಅಸಾಧ್ಯವಾದ ಸಂಖ್ಯೆಯೂ ಅಲ್ಲ. ಐವತ್ತು ವರ್ಷಕ್ಕೆ ಹಂಚಿದರೆ ದಿನಕ್ಕೆ ಎರಡು ಮೂರು ಸಾವು. ಅವರು ಮಾಡುತ್ತಿದ್ದ ಕೆಲಸ ನೋಡಿದರೆ ನಂಬಬಹುದಾದ ಮಾತೇ.

ಆ ಕೆಲಸಕ್ಕೆ ಜಪಾನಿ ಭಾಷೆಯಲ್ಲಿ 'ಕಿರಾರೆಯಾಕು' ಅನ್ನುತ್ತಾರೆ. ಅಂದರೆ ಕಡಿಸಿಕೊಳ್ಳುವ ಪಾತ್ರ. ನಾಯಕ ಕತ್ತಿ ಬೀಸುತ್ತಾನೆ, ಇವರು ಬೀಳುತ್ತಾರೆ. ಕೇಳಲು ಇಷ್ಟೇ. ಆದರೆ ಇಪ್ಪತ್ತು ವರ್ಷದಿಂದ ಈ ಸಿನಿಮಾಗಳನ್ನು ಹಿಂದೆ ಮುಂದೆ ತಿರುಗಿಸಿ, ನಿಧಾನ ಮಾಡಿ ನೋಡುತ್ತಾ ಬಂದ ನನಗೆ ಒಂದು ಮಾತು ಖಾತ್ರಿಯಾಗಿದೆ. ಸಿನಿಮಾದ ಕತ್ತಿಗೆ ತೂಕ ಬರುವುದು ಬೀಸುವವನ ಕೈಯಿಂದ ಅಲ್ಲ, ಬೀಳುವವನ ಮೈಯಿಂದ. ಫುಕುಮೊಟೊ ಅವರ ಇಡೀ ವೃತ್ತಿ ಈ ಒಂದು ಮಾತಿನ ಮೇಲೆ ನಿಂತಿದೆ.

ಮೊದಲು ಅವರು ಬಂದ ಕಾಲ ಹೇಗಿತ್ತು ನೋಡೋಣ.

ಅವರು ಹುಟ್ಟಿದ್ದು 1943ರಲ್ಲಿ, ಹ್ಯೋಗೊ ಪ್ರಾಂತ್ಯದ ಕಸುಮಿಯಲ್ಲಿ. ಜಪಾನ್ ಸಮುದ್ರದ ದಡದ ಮೀನುಗಾರರ ಊರು. ಹದಿನೈದನೇ ವಯಸ್ಸಿಗೆ ಶಾಲೆ ಮುಗಿಸಿ ಕ್ಯೋಟೊ ನಗರಕ್ಕೆ ಬಂದರು. ನಟನಾಗಬೇಕು ಎಂಬ ಕನಸೇನೂ ಇರಲಿಲ್ಲ. ನೆಂಟರ ಅಕ್ಕಿ ಅಂಗಡಿಯಲ್ಲಿ ಕೆಲಸಕ್ಕೆ ಬಂದ ಹುಡುಗ. ಅದು ಹೊಂದಲಿಲ್ಲ. ಪರಿಚಯದವರೊಬ್ಬರ ಮೂಲಕ ಉಜುಮಾಸಾದ ತೋಯೇ ಸ್ಟುಡಿಯೊ ಸೇರಿದರು.

ಉಜುಮಾಸಾ ಅಂದರೆ ಕ್ಯೋಟೊದ ಪಶ್ಚಿಮಕ್ಕಿರುವ ಒಂದು ಪ್ರದೇಶ. 1926ರಲ್ಲಿ ಮೂಕಿ ಚಿತ್ರಗಳ ದೊಡ್ಡ ತಾರೆ ತ್ಸುಮಾಸಾಬುರೊ ಬಾಂದೊ ಅಲ್ಲಿನ ಬಿದಿರು ಮೆಳೆಗಳ ನಡುವೆ ತಮ್ಮದೇ ಸ್ಟುಡಿಯೊ ಕಟ್ಟಿಸಿದರು. ಆಮೇಲೆ ಒಂದರ ಹಿಂದೆ ಒಂದು ಸ್ಟುಡಿಯೊ ಬಂದವು. ಎರಡನೇ ಮಹಾಯುದ್ಧದಲ್ಲಿ ಜಪಾನ್ ಸೋತ ಮೇಲೆ, ಆಡಳಿತ ಹಿಡಿದಿದ್ದ ಅಮೆರಿಕದ ಸೇನೆ ಕತ್ತಿ ಹಿಡಿದ ಕಥೆಗಳಿಗೆ ಕಡಿವಾಣ ಹಾಕಿತು. ಸೇಡು, ಒಡೆಯನಿಗಾಗಿ ಪ್ರಾಣ ಕೊಡುವುದು, ಇವೆಲ್ಲ ತೆರೆಯ ಮೇಲೆ ಬೇಡ ಎಂದರು. 1951ರಲ್ಲಿ ತೋಯೇ ಕಂಪನಿ ಶುರುವಾದ ಹೊತ್ತಿಗೆ ಆ ಹಿಡಿತ ಸಡಿಲಾಗುತ್ತಿತ್ತು. ವರ್ಷಗಟ್ಟಲೆ ಕತ್ತಿವರಸೆ ನೋಡದೆ ಹಸಿದಿದ್ದ ಜನ ಥಿಯೇಟರಿಗೆ ಮುಗಿಬಿದ್ದರು.

ಎಷ್ಟು ಮುಗಿಬಿದ್ದರು ಅಂದರೆ, 1958ರ ಒಂದೇ ವರ್ಷದಲ್ಲಿ ಜಪಾನಿನಲ್ಲಿ ಸುಮಾರು 112 ಕೋಟಿ ಸಿನಿಮಾ ಟಿಕೆಟ್ ಮಾರಾಟವಾದವು. ಆಗ ದೇಶದ ಜನಸಂಖ್ಯೆ ಒಂಬತ್ತು ಕೋಟಿ ಚಿಲ್ಲರೆ. ಕೂಸು ಮುದುಕರನ್ನೂ ಸೇರಿಸಿದರೆ ತಲೆಗೆ ಹನ್ನೆರಡು ಸಿನಿಮಾ. ತೋಯೇ ವಾರಕ್ಕೆ ಎರಡು ಹೊಸ ಚಿತ್ರ ಬಿಡುತ್ತಿತ್ತು. ಅದರಲ್ಲಿ ಕ್ಯೋಟೊ ಸ್ಟುಡಿಯೊದ ಪಾಲು ಹೆಚ್ಚಾಗಿ ಕತ್ತಿಯ ಸಿನಿಮಾ. ಪ್ರತಿ ಸಿನಿಮಾದ ಕೊನೆಗೆ ನಾಯಕ ಇಪ್ಪತ್ತು ಮೂವತ್ತು ಜನರನ್ನು ಕೆಡವಬೇಕು. ಆ ಇಪ್ಪತ್ತು ಮೂವತ್ತು ಜನ ಎಲ್ಲಿಂದ ಬರಬೇಕು?

ದೊಡ್ಡ ಕೋಣೆಯಿಂದ. ಇದು ಅಲ್ಲಿನ ನಿಜವಾದ ಮಾತು: 'ಓಬೆಯಾ', ಅಂದರೆ ದೊಡ್ಡ ಕೋಣೆ. ತಾರೆಗಳಿಗೆ ಅವರವರ ಮೇಕಪ್ ಕೋಣೆ ಇರುತ್ತಿತ್ತು. ಉಳಿದವರೆಲ್ಲ ಒಂದೇ ಕೋಣೆಯಲ್ಲಿ ಸಾಲು ಕನ್ನಡಿಗಳ ಮುಂದೆ ಕೂರಬೇಕು. ತಮ್ಮ ಬಣ್ಣ ತಾವೇ ಹಚ್ಚಿಕೊಳ್ಳಬೇಕು. ಹಾಗಾಗಿ ಹೆಸರಿಲ್ಲದ ನಟರಿಗೇ 'ದೊಡ್ಡ ಕೋಣೆಯವರು' ಎಂಬ ಹೆಸರು ಬಂತು. ಆಗ ಅವರ ಸಂಖ್ಯೆ ನೂರುಗಟ್ಟಲೆ. ದಾರಿಹೋಕ, ಪಲ್ಲಕ್ಕಿ ಹೊರುವವ, ಹೆಣ, ಕಾವಲುಗಾರ. ಹದಿನೈದರ ಹುಡುಗನಿಗೆ ಸಿಕ್ಕಿದ್ದು ಈ ಸಾಲಿನ ತುದಿಯಲ್ಲಿ ಒಂದು ಜಾಗ.

ಅಲ್ಲಿಂದ ಒಂದು ಮೆಟ್ಟಿಲು ಮೇಲೆ ಹೋಗಬೇಕಾದರೆ ಕತ್ತಿವರಸೆ ಕಲಿಯಬೇಕಿತ್ತು. ಸಿನಿಮಾದ ಕತ್ತಿವರಸೆಗೆ 'ತಾತೆ' ಎಂದು ಹೆಸರು. ಅದನ್ನು ಹೆಣೆಯುವವರು 'ತಾತೆಶಿ', ನಮ್ಮ ಫೈಟ್ ಮಾಸ್ಟರ್ ಇದ್ದ ಹಾಗೆ. ತೋಯೇಯಲ್ಲಿ 1952ರಿಂದ 'ತ್ಸುರುಗಿಕಾಯ್' ಎಂಬ ಕತ್ತಿ ಕೂಟ ಇದೆ. ವರಸೆ ಬಲ್ಲ ನಟರು ಒಟ್ಟಿಗೆ ತಾಲೀಮು ಮಾಡುವ ಕೂಟ ಅದು. ಫುಕುಮೊಟೊ ಅದರೊಳಗೆ ಬೆಳೆದರು.

ಇದರ ಬೇರು ಸಿನಿಮಾಕ್ಕಿಂತ ಹಳೆಯದು. ಕಬುಕಿ ರಂಗಭೂಮಿಯಲ್ಲೂ ನಾಯಕ ಕತ್ತಿ ಬೀಸಿದರೆ ಎದುರಿನವರು ಗಾಳಿಯಲ್ಲಿ ಲಾಗ ಹಾಕಿ ಬೀಳುತ್ತಾರೆ. ಆ ಲಾಗಕ್ಕೆ 'ತೊಂಬೊ' ಅನ್ನುತ್ತಾರೆ. ತೊಂಬೊ ಅಂದರೆ ನಾವು ಚಿಕ್ಕವರಿದ್ದಾಗ ಹಿಡಿಯುತ್ತಿದ್ದ ಏರೋಪ್ಲೇನ್ ಚಿಟ್ಟೆ. ಅಲ್ಲೂ ಲಾಗ ಹಾಕುವುದು ಕೆಳಗಿನ ಸಾಲಿನ ನಟರ ಕೆಲಸವೇ.

ಈಗ ಅವರ ಆ ಪ್ರಸಿದ್ಧ ಬೀಳುವಿಕೆಗೆ ಬರುತ್ತೇನೆ. ಇದನ್ನು ಸ್ವಲ್ಪ ಹತ್ತಿರದಿಂದಲೇ ನೋಡಬೇಕು.

ಕತ್ತಿವರಸೆಯ ಚಿತ್ರೀಕರಣದಲ್ಲಿ ಕ್ಯಾಮೆರಾ ಇರುವುದು ನಾಯಕನಿಗಾಗಿ. ನಾಯಕನ ಮುಖ ಕ್ಯಾಮೆರಾ ಕಡೆಗೆ. ಹಾಗಾದರೆ ಅವನೆದುರು ನಿಂತವನದು? ಬರೀ ಬೆನ್ನು. ಹೊಟ್ಟೆಗೆ ಪೆಟ್ಟು ಬಿದ್ದರೆ ಸಾಮಾನ್ಯವಾಗಿ ಮನುಷ್ಯ ಮುಂದಕ್ಕೆ ಮಡಚಿಕೊಳ್ಳುತ್ತಾನೆ. ಹಾಗೆ ಮಾಡಿದರೆ ಬೆನ್ನು ಇನ್ನೂ ದುಂಡಗಾಗಿ, ಯಾರು ಸತ್ತರು ಅಂತಲೇ ಗೊತ್ತಾಗುವುದಿಲ್ಲ. ಫುಕುಮೊಟೊ ಇದಕ್ಕೆ ತಿರುಗಾಮುರುಗಾ ಮಾಡಿದರು. ಪೆಟ್ಟು ಬಿದ್ದ ತಕ್ಷಣ ಎದೆ ತೆರೆದುಕೊಳ್ಳುತ್ತದೆ. ಬೆನ್ನುಮೂಳೆ ಬಿಲ್ಲಿನ ಹಾಗೆ ಹಿಂದಕ್ಕೆ ಬಾಗುತ್ತದೆ. ಕತ್ತಿ ಹಿಡಿದ ಕೈ ಮೇಲಕ್ಕೆ ಹೋಗಿ ಅಲ್ಲೇ ನಡುಗುತ್ತದೆ. ತಲೆ ಹಿಂದಕ್ಕೆ ಜೋತು ಬೀಳುತ್ತದೆ. ಆಗ ಅವರ ಮುಖ ತಲೆಕೆಳಗಾಗಿ, ಕಣ್ಣು ಅಗಲ ತೆರೆದು, ನೇರ ನಮ್ಮ ಕಡೆ ಬರುತ್ತದೆ. ಒಂದು ಉಸಿರಿನಷ್ಟು ಹೊತ್ತು ಹಾಗೇ ನಿಲ್ಲುತ್ತಾರೆ. ಆಮೇಲೆ ಕೈ ಊರದೆ, ಬೆನ್ನಡಿಯಾಗಿ ದೊಪ್ಪನೆ ನೆಲಕ್ಕೆ.

ಇದಕ್ಕೆ 'ಎಬಿಜೋರಿ' ಎಂದು ಹೆಸರು. ಸೀಗಡಿ ಬಾಗು. ಈ ಹೆಸರೂ ಕಬುಕಿಯಲ್ಲಿ ಮೊದಲೇ ಇತ್ತು. ಬಲವಾದವನ ಮುಂದೆ ಸೋತವನು ಹಿಂದಕ್ಕೆ ಬಾಗುವ ಭಂಗಿಗೆ ಅಲ್ಲಿ ಹಾಗೆ ಅನ್ನುತ್ತಾರೆ. ಫುಕುಮೊಟೊ ಅದನ್ನು ಸಾವಿನ ಕೊನೆಯ ಕ್ಷಣವಾಗಿ ತಮ್ಮದು ಮಾಡಿಕೊಂಡರು.

ಇದನ್ನು ಬರೀ 'ಮುಖ ತೋರಿಸುವ ಆಸೆ' ಅಂದುಕೊಳ್ಳಬೇಡಿ. ಆಸೆ ಇತ್ತು, ಇರಬೇಕಾದದ್ದೇ. ಆದರೆ ಚೌಕಟ್ಟಿನಲ್ಲಿ ಏನಾಗುತ್ತದೆ ನೋಡಿ. ಅವರು ಬಾಗಿದಾಗ, ಅವರ ಮೈ ಖಾಲಿ ಮಾಡಿದ ಜಾಗದಲ್ಲಿ ನಾಯಕ ನೆಟ್ಟಗೆ ನಿಂತಿರುವುದು ಕಾಣುತ್ತದೆ. ಕೆಳಗೆ ಸಾಯುವವನ ಮುಖ, ಮೇಲೆ ಕೊಂದವನ ಮುಖ, ಎರಡೂ ಒಂದೇ ಚಿತ್ರದಲ್ಲಿ. ಆ ಒಂದು ಉಸಿರು ನಿಂತದ್ದರಿಂದ ನಾಯಕನ ಏಟಿಗೆ ಒಂದು ಮುಕ್ತಾಯ ಸಿಗುತ್ತದೆ. ತಾನು ಕಾಣಿಸಿಕೊಂಡು, ಎದುರಿನವನನ್ನೂ ದೊಡ್ಡದು ಮಾಡುವ ಪಟ್ಟು ಅದು. ಬೀಳುವ ಕಲೆಯ ವಿಷಯಕ್ಕೆ ಬಂದರೆ ಅವರು ಚಾಪ್ಲಿನ್ ಅವರನ್ನು ತುಂಬಾ ಮೆಚ್ಚುತ್ತಿದ್ದರು. ನೋಡುವವರು ನಗುತ್ತಾರೋ ಬೆಚ್ಚುತ್ತಾರೋ, ಬೀಳುವವನಿಗೆ ಬೇಕಾದ ಶಿಸ್ತು ಒಂದೇ.

ಇನ್ನೊಂದು ವಿಷಯ ಸಮಯದ್ದು. ಕತ್ತಿಯ ತುದಿಗೂ ಮೈಗೂ ನಡುವೆ ಗಾಳಿ ಮಾತ್ರ ಇರುತ್ತದೆ. ಕ್ಯಾಮೆರಾ ಇಟ್ಟ ಕೋನ ಆ ಅಂತರವನ್ನು ಮುಚ್ಚುತ್ತದೆ. ಬೀಳುವವನು ಕಣ್ಣು ಮಿಟುಕಿಸುವಷ್ಟು ಬೇಗ ಬಾಗಿದರೂ ಸುಳ್ಳು ಬಯಲಾಗುತ್ತದೆ. ಅಷ್ಟೇ ತಡ ಮಾಡಿದರೆ ನಾಯಕನ ಕತ್ತಿ ಮೊಂಡಾಗಿ ಕಾಣುತ್ತದೆ. ಕತ್ತಿಗಳು ಬಿದಿರು ಅಥವಾ ಮರದ ಮೇಲೆ ಬೆಳ್ಳಿ ಬಣ್ಣದ ಹಾಳೆ ಸುತ್ತಿದವು. ಅವಕ್ಕೆ 'ತಾಕೆಮಿತ್ಸು' ಅನ್ನುತ್ತಾರೆ. ಕಬ್ಬಿಣದ ಭಾರ ಅವಕ್ಕಿಲ್ಲ. ತಾಗಿದರೂ ಕೊಯ್ಯುವುದಿಲ್ಲ, ಆದರೆ ಕಣ್ಣಿಗೆ ಬಡಿದರೆ ಅಷ್ಟೇ. ನಾಯಕ ಒಂದು ಹೆಜ್ಜೆ ಹೆಚ್ಚು ಬಂದರೆ, ಆ ತಪ್ಪನ್ನು ತನ್ನ ಮೈಯಿಂದ ಸರಿಮಾಡಬೇಕಾದವನು ಎದುರಿನವನೇ. ನಾಯಕನಿಗೆ ಹತ್ತು ಜನರ ಜೊತೆ ವರಸೆ, ಸುತ್ತ ತಿರುಗಬೇಕು, ಮಾತು ನೆನಪಿರಬೇಕು. ಎಲ್ಲರ ಮೈಯನ್ನೂ ಅವನು ಕಾಯಲಾರ. ಅದಕ್ಕೇ ಒಳ್ಳೆಯ ತಾರೆಗಳು ಒಳ್ಳೆಯ ಕಿರಾರೆಯಾಕುವನ್ನು ಹುಡುಕಿ ಎದುರು ನಿಲ್ಲಿಸಿಕೊಳ್ಳುತ್ತಿದ್ದರು.

ಒಂದು ಮಾತನ್ನು ನನ್ನನ್ನು ತುಂಬಾ ಜನ ಕೇಳಿದ್ದಾರೆ. ಹತ್ತು ಜನ ಸುತ್ತುವರಿದಿದ್ದಾರೆ, ಎಲ್ಲರೂ ಒಟ್ಟಿಗೆ ಯಾಕೆ ಮೇಲೆ ಬೀಳುವುದಿಲ್ಲ? ಯಾಕೆಂದರೆ ಇದು ತಾಳಕ್ಕೆ ಕಟ್ಟಿದ ವರಸೆ. ಒಬ್ಬೊಬ್ಬರಾಗಿ ನುಗ್ಗುತ್ತಾರೆ. ಆದರೆ ಕಾಯುತ್ತಿರುವ ಒಂಬತ್ತು ಜನ ಏನು ಮಾಡುತ್ತಾರೆ, ಅದನ್ನು ನೋಡಿ. ಕೆಟ್ಟ ನಟ ಸುಮ್ನೆ ಕತ್ತಿ ಅಲ್ಲಾಡಿಸುತ್ತಾನೆ. ಒಳ್ಳೆಯವನು ಅರ್ಧ ಹೆಜ್ಜೆ ಮುಂದಿಟ್ಟು ಹಿಂದೆ ತೆಗೆಯುತ್ತಾನೆ. ಪಕ್ಕದವನು ಬಿದ್ದದ್ದನ್ನು ಓರೆಗಣ್ಣಲ್ಲಿ ನೋಡಿ ಉಗುಳು ನುಂಗುತ್ತಾನೆ. ಹೆದರಿಕೆ ಇದೆ, ಆದರೂ ನುಗ್ಗಲೇಬೇಕು ಎಂಬುದು ಅವನ ಭುಜದಲ್ಲಿ ಕಾಣುತ್ತದೆ. ನಾಯಕ ಎಷ್ಟು ಭಯಂಕರ ಎಂಬುದು ನಮಗೆ ತಿಳಿಯುವುದು ಈ ಒಂಬತ್ತು ಜನರ ಮುಖದಿಂದ.

ಅಂದಿನ ತೋಯೇ ಸಿನಿಮಾಗಳಲ್ಲಿ ಇದು ಇನ್ನೂ ಮುಖ್ಯವಾಗಿತ್ತು. ಅವುಗಳಲ್ಲಿ ವರಸೆ ಕುಣಿತದ ಹಾಗಿತ್ತು. ರಕ್ತ ಕಾಣುತ್ತಿರಲಿಲ್ಲ, ಮಾಂಸ ಸೀಳಿದ ಸದ್ದೂ ಇರಲಿಲ್ಲ. ಕತ್ತಿ ತಾಗಿತು ಎಂದು ಹೇಳಲು ಉಳಿದದ್ದು ಬೀಳುವವನ ಮೈ ಒಂದೇ.

1961ರಲ್ಲಿ ನಿರ್ದೇಶಕ ಅಕಿರಾ ಕುರೊಸಾವಾ 'ಯೋಜಿಂಬೊ' ಸಿನಿಮಾ ಮಾಡಿದರು. ಅದಕ್ಕಾಗಿ ಕೋಳಿ ಮಾಂಸ ಕಡಿದು ಕತ್ತಿ ತಾಗುವ ಸದ್ದು ಹುಟ್ಟಿಸಿದರು. ಮುಂದಿನ ವರ್ಷ 'ಸಂಜುರೊ' ಬಂತು. ಅದರ ಕೊನೆಯ ಕಾಳಗದಲ್ಲಿ ನಟ ತತ್ಸುಯಾ ನಕದಾಯ್ ಅವರ ಎದೆಯಿಂದ ರಕ್ತ ಕಾರಂಜಿಯ ಹಾಗೆ ಚಿಮ್ಮಿತು. ಜನರಿಗೆ ಇನ್ನು ಕುಣಿತದ ಕತ್ತಿ ಸಪ್ಪೆ ಅನಿಸತೊಡಗಿತು. ಮನೆಗಳಿಗೆ ಟಿವಿ ಬಂತು. 1963ರ ಹೊತ್ತಿಗೆ ಟಿಕೆಟ್ ಮಾರಾಟ 51 ಕೋಟಿಗೆ ಇಳಿದಿತ್ತು. ಐದು ವರ್ಷದಲ್ಲಿ ಅರ್ಧಕ್ಕಿಂತ ಕಡಿಮೆ! ತೋಯೇ ಕತ್ತಿಯ ಸಿನಿಮಾ ಕಡಿಮೆ ಮಾಡಿ ಯಕೂಜಾ, ಅಂದರೆ ಭೂಗತ ಗ್ಯಾಂಗುಗಳ ಸಿನಿಮಾಗಳ ಕಡೆ ತಿರುಗಿತು. ನಮ್ಮ ಫುಕುಮೊಟೊ ಆಗ ಇಪ್ಪತ್ತು ವರ್ಷದ ಹುಡುಗ. ಕಲಿತ ವಿದ್ಯೆಗೆ ಕೆಲಸವೇ ಇಲ್ಲ ಎಂಬಂಥ ಕಾಲ. ದೊಡ್ಡ ಕೋಣೆಯ ಎಷ್ಟೋ ಜನ ಊರಿಗೆ ವಾಪಸ್ ಹೋದರು. ಫುಕುಮೊಟೊ ಉಳಿದರು. ಕಿಮೊನೊ ಬಿಚ್ಚಿ ಸೂಟ್ ಹಾಕಿದರು. ಚೂರಿಯಿಂದ ಸಾಯುವುದು, ಗುಂಡಿನಿಂದ ಸಾಯುವುದು, ಎಲ್ಲ ಕಲಿತರು. ಗುಂಡು ತಾಗಿದ ಮೈ ಕತ್ತಿ ತಾಗಿದ ಮೈಯ ಹಾಗೆ ಬಾಗುವುದಿಲ್ಲ. ಅದು ಜರ್ಕ್ ಹೊಡೆದು ಕುಸಿಯುತ್ತದೆ. ಅದೇ ದೊಡ್ಡ ಕೋಣೆಯಿಂದ ತಕುಜೊ ಕವತಾನಿ ಎಂಬ ನಟ 70ರ ದಶಕದಲ್ಲಿ ಮೇಲೆ ಬಂದು ಮನೆಮಾತಾದರು. ದಾರಿ ಪೂರ್ತಿ ಮುಚ್ಚಿರಲಿಲ್ಲ. ಆದರೆ ಅಷ್ಟು ಜನರಲ್ಲಿ ಅಂಥವರು ಬೆರಳೆಣಿಕೆ.

ಕತ್ತಿಯವರನ್ನು ಕಾಪಾಡಿದ್ದು ಟಿವಿಯೇ. ಸಿನಿಮಾವನ್ನು ಮುಳುಗಿಸಿದ ಟಿವಿಗೆ ವಾರ ವಾರ ಕಥೆ ಬೇಕಿತ್ತು. 1969ರಲ್ಲಿ ಶುರುವಾದ 'ಮಿತೊ ಕೋಮೊನ್' 2011ರವರೆಗೆ ನಡೆಯಿತು. 1978ರಲ್ಲಿ ಶುರುವಾದ 'ಅಬಾರೆಂಬೊ ಷೋಗನ್' ಕಾಲು ಶತಮಾನ ಓಡಿತು. ಎರಡಕ್ಕೂ ತೋಯೇ ಕ್ಯೋಟೊ ಸ್ಟುಡಿಯೊವೇ ಮನೆ. ಒಂದು ಕಂತು ಅಂದರೆ ಕೊನೆಯ ಹತ್ತು ನಿಮಿಷ ಕತ್ತಿವರಸೆ. ಈ ವಾರ ಭ್ರಷ್ಟ ಅಧಿಕಾರಿಯ ಬಂಟ, ಮುಂದಿನ ವಾರ ಬಾಡಿಗೆಗೆ ಬಂದ ರೋನಿನ್ (ಒಡೆಯನಿಲ್ಲದ ಸಮುರಾಯ್), ಅದರ ಮುಂದಿನ ವಾರ ದರೋಡೆಕೋರ. ವಿಗ್ ಬದಲು, ಬಟ್ಟೆ ಬದಲು, ಸಾವು ಮಾತ್ರ ಖಾಯಂ. ಒಂದೇ ಕಾಳಗದಲ್ಲಿ ಎಡಗಡೆ ಬಿದ್ದವರು ಮುಂದಿನ ಷಾಟ್‌ನಲ್ಲಿ ಬಲಗಡೆಯಿಂದ ಓಡಿಬಂದು ಮತ್ತೆ ಬೀಳುವುದೂ ಇತ್ತು.

ಒಂದು ಸಣ್ಣ ವಿಷಯ ಹೇಳಿಬಿಡುತ್ತೇನೆ, ನನಗೆ ತುಂಬಾ ಇಷ್ಟವಾದದ್ದು. 'ಅಬಾರೆಂಬೊ ಷೋಗನ್'ನಲ್ಲಿ ಕೊನೆಯ ಕಾಳಗಕ್ಕೆ ಮೊದಲು ನಾಯಕನಾದ ಷೋಗನ್, ಅಂದರೆ ದೇಶ ಆಳುವ ಸೇನಾಧಿಪತಿ, ಕತ್ತಿಯನ್ನು ಹಿಡಿಯಲ್ಲೇ ತಿರುಗಿಸುತ್ತಾನೆ. ಅಂದರೆ ಅಲಗಿನಿಂದ ಅಲ್ಲ, ಬೆನ್ನಿನಿಂದ ಹೊಡೆಯುತ್ತಾನೆ. ಅವನ ಕೈಯಲ್ಲಿ ಬಿದ್ದವರು ಸತ್ತವರಲ್ಲ, ಪೆಟ್ಟು ತಿಂದವರು. ಕೊಯ್ದ ಮೈ ಬೇರೆ, ಜಜ್ಜಿದ ಮೈ ಬೇರೆ. ಆ ವ್ಯತ್ಯಾಸ ತೋರಿಸುವ ಹೊಣೆ ಯಾರದು ಅಂತ ಈಗ ನಿಮಗೇ ಗೊತ್ತು.

ಹೀಗೆ ವಾರ ವಾರ ನೋಡಿದ ಜನರಿಗೆ ಒಂದು ದಿನ ಅನಿಸಿತು: ಈ ತೆಳ್ಳಗಿನ ಮನುಷ್ಯ ಹೋದ ವಾರವೂ ಸತ್ತಿದ್ದನಲ್ಲ? 90ರ ದಶಕದಲ್ಲಿ ಒಸಾಕಾದ ಟಿವಿ ಕಾರ್ಯಕ್ರಮವೊಂದು ವೀಕ್ಷಕರ ಕೋರಿಕೆಯ ಮೇಲೆ ಅವರನ್ನು ಹುಡುಕಿಕೊಂಡು ಹೋಯಿತು. ಹೆಸರು ಗೊತ್ತಾಯಿತು. ಅಭಿಮಾನಿಗಳಾದರು. ಸಾಯುವವನಿಗೂ ಅಭಿಮಾನಿಗಳು! ಅಷ್ಟು ಹೊತ್ತಿಗೆ ಅವರು ಮೂವತ್ತು ವರ್ಷಕ್ಕೂ ಜಾಸ್ತಿ ಕಾಲ ಬಿದ್ದು ಏಳುತ್ತಾ ಬಂದಿದ್ದರು.

ಇಲ್ಲಿ ಒಂದು ವ್ಯತ್ಯಾಸ ಹೇಳಬೇಕು. ಪೋಷಕ ನಟ ಅಂದಾಗ ನಮಗೆ ನೆನಪಾಗುವುದು ತಕಾಶಿ ಶಿಮುರಾ ಅಂಥವರು. 'ಸೆವೆನ್ ಸಮುರಾಯ್' ಚಿತ್ರದ ಹಿರಿಯ ಸಮುರಾಯ್ ಅವರೇ. ಕುರೊಸಾವಾ ಅವರ ಮೂವತ್ತು ಸಿನಿಮಾಗಳಲ್ಲಿ 21ರಲ್ಲಿ ಅವರಿದ್ದರು. ಅದು ಪಾತ್ರ ಕಟ್ಟುವ ದಾರಿ. ಅದೇ 1954ರ ಚಿತ್ರದಲ್ಲಿ ಮಾತು ಕಡಿಮೆಯ ನಿಪುಣ ಕತ್ತಿವೀರ ಕ್ಯೂಜೊ ಇದ್ದಾನಲ್ಲ, ಆ ಪಾತ್ರ ಮಾಡಿದ ಸೇಜಿ ಮಿಯಾಗುಚಿ ನಾಟಕದ ನಟ. ಕತ್ತಿವರಸೆ ಗೊತ್ತೇ ಇರಲಿಲ್ಲ. ಆದರೂ ಜಗತ್ತಿನ ಅತ್ಯುತ್ತಮ ಕತ್ತಿಗಾರನಾಗಿ ನಮ್ಮ ತಲೆಯಲ್ಲಿ ಉಳಿದರು. ಅವರ ನಿಲುವು, ಕ್ಯಾಮೆರಾ, ಸಂಕಲನ ಸೇರಿ ಅದನ್ನು ಸಾಧಿಸಿದವು. ಕೊಲ್ಲುವವನನ್ನು ಹೀಗೆ ಕ್ಯಾಮೆರಾದಲ್ಲಿ ಕಟ್ಟಬಹುದು. ಬೀಳುವವನನ್ನು ಕಟ್ಟಲು ಆಗುವುದಿಲ್ಲ. ಅವನು ನಿಜವಾಗಿ ಬೀಳಲೇಬೇಕು.

ನಡಿಗೆಯೂ ಹಾಗೆಯೇ. ನಕದಾಯ್ ಅದೇ 'ಸೆವೆನ್ ಸಮುರಾಯ್'ನಲ್ಲಿ ಕೆಲವೇ ಸೆಕೆಂಡು ರಸ್ತೆಯಲ್ಲಿ ನಡೆದುಹೋಗುವ ಸಮುರಾಯ್ ಆಗಿದ್ದರು. ಆಗ ಅವರಿನ್ನೂ ವಿದ್ಯಾರ್ಥಿ. ನಡಿಗೆ ಸರಿಯಿಲ್ಲ ಎಂದು ಕುರೊಸಾವಾ ಬೆಳಗ್ಗೆಯಿಂದ ಮಧ್ಯಾಹ್ನದವರೆಗೆ ನಡೆಸಿದರಂತೆ. ಎರಡು ಕತ್ತಿ ಸೊಂಟದ ಒಂದೇ ಕಡೆ ಸಿಕ್ಕಿಸಿಕೊಂಡವನ ನಡು ಅಲ್ಲಾಡಬಾರದು, ತೂಕ ಕೆಳಗಿರಬೇಕು. ದೊಡ್ಡ ಕೋಣೆಯವರು ಈ ನಡಿಗೆಯನ್ನು ಹತ್ತು ಹದಿನೈದು ವರ್ಷದಲ್ಲಿ ಮೈಗೂಡಿಸಿಕೊಂಡಿರುತ್ತಾರೆ.

ಈಗ ನಿಮ್ಮ ಸಿನಿಮಾಕ್ಕೆ ಬರೋಣ. ಟಾಮ್ ಕ್ರೂಸ್ ಹಿಂದೆ ನಡೆಯುವ ಆ ಮುದುಕರನ್ನು ಮತ್ತೊಮ್ಮೆ ನೋಡಿ. ಅವರು ಬರೀ ನಡೆಯುತ್ತಾರೆ, ಆದರೂ ನಮ್ಮ ಕಣ್ಣು ಅವರ ಕಡೆ ಹೋಗುತ್ತದೆ. ನಲವತ್ತೈದು ವರ್ಷದ ನಡಿಗೆ ಅದು. ಕ್ರೂಸ್ ಮಾಡಿದ ಅಮೆರಿಕದ ಕ್ಯಾಪ್ಟನ್ ಆಲ್ಗ್ರೆನ್ ಎಷ್ಟು ಕೆಣಕಿದರೂ ಬಾಯಿ ಬಿಡುವುದಿಲ್ಲ. ಹೆಸರು ಹೇಳದವನಿಗೆ ಅವನು 'ಬಾಬ್' ಎಂದು ತಾನೇ ಹೆಸರಿಡುತ್ತಾನೆ. ಕೊನೆಯ ಯುದ್ಧದಲ್ಲಿ ಅವನಿಗೆ ಬರುವ ಗುಂಡನ್ನು ತನ್ನ ಮೈಗೆ ತೆಗೆದುಕೊಳ್ಳುವುದು ಇದೇ ಮುದುಕ. 'ಆಲ್ಗ್ರೆನ್ ಸಾನ್!' ಎಂಬ ಕೂಗು, ಅಷ್ಟೇ ಅವರ ಮಾತು. ಹದಿನೈದರಿಂದ ನಾಯಕನ ಕತ್ತಿಗೆ ಎದೆ ಕೊಟ್ಟವರು, ಇಲ್ಲಿ ನಾಯಕನನ್ನು ಉಳಿಸಲು ಸಾಯುತ್ತಾರೆ. ಈ ದೃಶ್ಯ ಬಂದಾಗ ನನಗೆ ಇಂದಿಗೂ ಗಂಟಲು ಕಟ್ಟುತ್ತದೆ.

ಆ ಸಿನಿಮಾ ಬಂದದ್ದು 2003ರಲ್ಲಿ. ಅದೇ ವರ್ಷ ಅವರಿಗೆ ಅರವತ್ತು ತುಂಬಿ ತೋಯೇಯಿಂದ ನಿವೃತ್ತರಾದರು. ಹೌದು, ಕಚೇರಿಯ ನೌಕರರ ಹಾಗೆ ನಿವೃತ್ತಿ. ಮರುವರ್ಷ ಸಿನಿಮಾ ಪ್ರಶಸ್ತಿ ಕೊಡುವ ಜಪಾನ್ ಅಕಾಡೆಮಿ ಅವರಿಗೆ ವಿಶೇಷ ಪ್ರಶಸ್ತಿ ಕೊಟ್ಟಿತು.

ಬದುಕು ಸಾಗಿಸಲು ಆಗುತ್ತದಾ ಎಂದು ಕೇಳಿದ್ದೀರಿ. ಅವರಿಗೆ ಆಯಿತು. ಕಾರಣ, ಅವರು ಒಂದು ಸ್ಟುಡಿಯೊಗೆ ಸೇರಿದವರಾಗಿದ್ದರು. ಪಾತ್ರ ಸಣ್ಣದಾದರೂ ಕೆಲಸ ತಪ್ಪುತ್ತಿರಲಿಲ್ಲ. ತಾಲೀಮಿಗೆ ಜಾಗ ಇತ್ತು, ಕಲಿಸಲು ಹಿರಿಯರಿದ್ದರು, ವಾರ ವಾರ ಸಾಯಲು ಧಾರಾವಾಹಿ ಇತ್ತು. ಈ ಮೂರೂ ಇದ್ದದ್ದರಿಂದ ಒಂದು ಕಲೆ ಬೆಳೆಯಿತು. 'ಮಿತೊ ಕೋಮೊನ್' 2011ರಲ್ಲಿ ನಿಂತಾಗ ಆ ಮೂರನೆಯದಕ್ಕೆ ದೊಡ್ಡ ಪೆಟ್ಟು ಬಿತ್ತು. ಈಗ ವರಸೆ ಕಲಿತವರು ಸ್ಟುಡಿಯೊ ಪಕ್ಕದಲ್ಲೇ ಇರುವ, 1975ರಲ್ಲಿ ತೆರೆದ ಸಿನಿಮಾ ಹಳ್ಳಿಯಲ್ಲಿ ಪ್ರವಾಸಿಗರಿಗೆ ಪ್ರದರ್ಶನ ಕೊಡುತ್ತಾರೆ. ಅದೂ ಕೆಲಸವೇ, ಗೌರವದ ಕೆಲಸವೇ. ಆದರೆ ಐವತ್ತು ವರ್ಷ ಒಂದೇ ಪಟ್ಟನ್ನು ತಿದ್ದುತ್ತಾ ಹೋಗುವ ಬಿಡುವು ಇಂದಿನ ಹುಡುಗರಿಗೆ ಸಿಗುತ್ತಿಲ್ಲ. ಇದರ ಬಗ್ಗೆ ನನಗೆ ನಿಜವಾದ ಬೇಸರ ಇದೆ.

ಈ ಬೇಸರವನ್ನೇ ಕಥೆ ಮಾಡಿದ ಒಂದು ಸಿನಿಮಾ ಇದೆ. 2014ರ 'ಉಜುಮಾಸಾ ಲೈಮ್‌ಲೈಟ್'. ನಿರ್ದೇಶಕ ಕೆನ್ ಒಚಿಯಾಯ್. ಬಹುಕಾಲದ ಧಾರಾವಾಹಿ ನಿಂತುಹೋಗುತ್ತದೆ, ವಯಸ್ಸಾದ ಕಿರಾರೆಯಾಕುವಿಗೆ ಕೆಲಸ ಇಲ್ಲ. ಒಬ್ಬ ಹುಡುಗಿಗೆ ತನ್ನ ವಿದ್ಯೆ ಕಲಿಸುತ್ತಾನೆ. ಆ ಮುದುಕನ ಪಾತ್ರದಲ್ಲಿ ಫುಕುಮೊಟೊ ಇದ್ದಾರೆ. ಅವರು ನಾಯಕರಾದ ಮೊದಲ ಸಿನಿಮಾ. ಆಗ ಅವರಿಗೆ 71 ವರ್ಷ. ಕೆನಡಾದ ಮಾಂಟ್ರಿಯಲ್‌ನ ಫ್ಯಾಂಟೇಸಿಯಾ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟ ಪ್ರಶಸ್ತಿ ಅವರಿಗೇ ಬಂತು. ಸಿನಿಮಾದಲ್ಲಿ ಅವರು ಹೆಚ್ಚು ಮಾತಾಡುವುದಿಲ್ಲ. ಮರದ ಕತ್ತಿ ಹಿಡಿದು ಒಬ್ಬರೇ ಅಭ್ಯಾಸ ಮಾಡುವ ದೃಶ್ಯಗಳಲ್ಲಿ ಅವರ ಬೆನ್ನನ್ನು ನೋಡಿ. ಸುಮಾರು ಅರ್ಧ ಶತಮಾನ ಕ್ಯಾಮೆರಾ ಕಡೆಗಿದ್ದ ಬೆನ್ನು ಅದು.

2021ರ ಜನವರಿ 1ರಂದು, 77ನೇ ವಯಸ್ಸಿನಲ್ಲಿ, ಶ್ವಾಸಕೋಶದ ಕ್ಯಾನ್ಸರ್‌ನಿಂದ ಅವರು ತೀರಿಕೊಂಡರು. ಆ ಹೊತ್ತಿಗೆ ಜೂನ್‌ಇಚಿ ಯಾಸುದಾ ಎಂಬ ನಿರ್ದೇಶಕರು ಒಂದು ಕಥೆ ಬರೆದುಕೊಂಡಿದ್ದರು. ಅವರು ಭತ್ತ ಬೆಳೆಯುವ ರೈತರೂ ಹೌದು. ಹಳೆ ಕಾಲದ ಒಬ್ಬ ನಿಜವಾದ ಸಮುರಾಯ್ ಸಿಡಿಲು ಬಡಿದು ಇಂದಿನ ಕ್ಯೋಟೊ ಸ್ಟುಡಿಯೊದಲ್ಲಿ ಬಂದು ಬೀಳುತ್ತಾನೆ. ಹೊಟ್ಟೆಪಾಡಿಗೆ ಕಿರಾರೆಯಾಕು ಆಗುತ್ತಾನೆ. ಅವನಿಗೆ ಬೀಳುವುದನ್ನು ಕಲಿಸುವ ಗುರುವಿನ ಪಾತ್ರ ಫುಕುಮೊಟೊ ಅವರಿಗಾಗಿಯೇ ಇಟ್ಟದ್ದು. ಅವರು ಹೋದ ಮೇಲೆ ಅದನ್ನು ಅದೇ ಕತ್ತಿ ಕೂಟದ ರಂತಾರೊ ಮಿನೆ ಮಾಡಿದರು. 'ಎ ಸಮುರಾಯ್ ಇನ್ ಟೈಮ್' ಎಂಬ ಆ ಸಿನಿಮಾ 2024ರ ಆಗಸ್ಟ್‌ನಲ್ಲಿ ಟೋಕಿಯೊದ ಒಂದೇ ಥಿಯೇಟರಿನಲ್ಲಿ ಬಿಡುಗಡೆಯಾಯಿತು. ಬಾಯಿಂದ ಬಾಯಿಗೆ ಹರಡಿ ನೂರಾರು ಥಿಯೇಟರಿಗೆ ಹೋಯಿತು. 2025ರಲ್ಲಿ ಜಪಾನ್ ಅಕಾಡೆಮಿಯ ಅತ್ಯುತ್ತಮ ಚಿತ್ರ ಪ್ರಶಸ್ತಿ ಪಡೆಯಿತು.

ನೀವು ಮುಂದೆ ಏನು ನೋಡಬೇಕು ಎಂದರೆ, ಮೊದಲು 'ಉಜುಮಾಸಾ ಲೈಮ್‌ಲೈಟ್' ನೋಡಿ. ಆಮೇಲೆ 'ಅಬಾರೆಂಬೊ ಷೋಗನ್'ನ ಹಳೆಯ ಕಂತುಗಳು ಸಿಕ್ಕರೆ ಕೊನೆಯ ಹತ್ತು ನಿಮಿಷ ಮಾತ್ರ ಹಾಕಿ. ಕಾಳಗ ಶುರುವಾದಾಗ ಅಂಗೈ ಮುಂದೆ ಹಿಡಿದು ನಾಯಕನನ್ನು ಮುಚ್ಚಿಬಿಡಿ. ಉಳಿದವರನ್ನು ಮಾತ್ರ ನೋಡಿ. ಮೊದಲು ಒಬ್ಬರು ಬೀಳುತ್ತಾರೆ, ಆಮೇಲೆ ಇಬ್ಬರು. ತೆಳ್ಳಗಿನವರೊಬ್ಬರು ಎಲ್ಲರಿಗಿಂತ ಸ್ವಲ್ಪ ತಡವಾಗಿ ನುಗ್ಗಿ, ಬಿಲ್ಲಿನ ಹಾಗೆ ಹಿಂದಕ್ಕೆ ಬಾಗಿ, ತಲೆಕೆಳಗಾದ ಮುಖದಲ್ಲಿ ಒಂದು ಕ್ಷಣ ನೇರ ನಿಮ್ಮನ್ನೇ ನೋಡಿದರೆ, ಅವರೇ.